ಹೇಳಿ ಮುಗಿಸುವ ಮುಂಚೆ

"ಒತ್ತು, ಹೆದರ್ಕೋಬೇಡ. ಅದೇನು ಕಚ್ಚಲ್ಲ," ಎಂದಳು ಐಸಕ್ಕ.

ಮೀನು ಕೊಯ್ಯುವವಳು ಬಲಗೈಯನ್ನು ಇನ್ನೊಂದು ಸಲ ಟವೆಲ್ಲಿಗೆ ಒರೆಸಿಕೊಂಡಳು. ಎಷ್ಟು ಒರೆಸಿದರೂ ಬೆರಳ ಸಂದಿಯಲ್ಲಿ ಒಂದೆರಡು ಹುರುಪೆ ಅಂಟಿಕೊಂಡೇ ಇರುತ್ತಿದ್ದವು. ಈ ಕಾಲದಲ್ಲಿ ಸ್ವಂತಕ್ಕೊಂದು ಫೋನಿಲ್ಲ ಎಂದರೆ ಯಾರೂ ನಂಬುವುದಿಲ್ಲ, ಸರಿ. ಆದರೆ ಮಾರ್ಕೆಟ್ ತೆರೆದಾಗಿನಿಂದ ಮುಚ್ಚುವವರೆಗೆ ಮೊಣಕೈತನಕ ಮೀನಿನ ರಕ್ತದಲ್ಲಿರುವವಳು ಫೋನಿಟ್ಟುಕೊಂಡು ಮಾಡುವುದಾದರೂ ಏನು? ಪಕ್ಕದ ಕಟ್ಟೆಯಲ್ಲಿ ಐಸ್ ಮಾರುವ ಅಕ್ಕನ ಫೋನೇ ಇವಳ ಫೋನೂ ಆಗಿತ್ತು. ಇವಳು ನಂಬರು ಹೇಳುವುದು, ಐಸಕ್ಕ ಒತ್ತಿ ತಂದು ಇವಳ ಕಿವಿಗೆ ಹಿಡಿಯುವುದು, ಇವಳು ಕತ್ತು ವಾರೆ ಮಾಡಿಕೊಂಡು ಚೂರಿ ಕೆಳಗಿಡದೆಯೇ ಮಾತಾಡುವುದು. ಬೇಕಾದವರ ನಂಬರೆಲ್ಲ ಅವಳಿಗೆ ಬಾಯಿಪಾಠ. ಕೊನೆಗೆ ಐಸಕ್ಕನೇ ಸೋತು, ತಾನು ಹೊಸ ಫೋನ್ ಕೊಂಡಾಗ ಹಳೆಯದನ್ನು ಪ್ಲಾಸ್ಟಿಕ್ ಕವರಿನಲ್ಲಿ ಸುತ್ತಿ ತಂದು ಕೊಟ್ಟಿದ್ದಳು. ನಾನೇನು ಸಾಯೋವರೆಗೂ ನಿನ್ನ ಕಿವಿಗೆ ಫೋನ್ ಹಿಡ್ಕೊಂಡು ನಿಂತಿರ್ಬೇಕಾ ಎಂದು ಬೈದೂ ಇದ್ದಳು.

ಮೊದಲ ಪಾಠಕ್ಕೆ ಐಸಕ್ಕನ ನಂಬರನ್ನೇ ಒತ್ತುವುದೆಂದಾಯಿತು. ಬಾಯಲ್ಲಿ ಹೇಳಿಕೊಳ್ಳುತ್ತಾ ಒಂದೊಂದಾಗಿ ಒತ್ತಿದಳು. ಅರ್ಧಕ್ಕೆ ಬರುವಷ್ಟರಲ್ಲಿ ಐಸಕ್ಕನ ಮುಖ, ಹಲ್ಲು ಕಿರಿದುಕೊಂಡು, ಫೋನಿನೊಳಗಿಂದ ಎದ್ದು ಬಂತು. ಅವಳು ಬೆಚ್ಚಿ ಕೈ ಹಿಂದೆ ತೆಗೆದಳು. ನಾನಿನ್ನೂ ಪೂರ್ತಿ ಒತ್ತೇ ಇಲ್ವಲ್ಲ ಎಂದಳು.

"ಪೂರ್ತಿ ಯಾಕೆ ಒತ್ಬೇಕು? ನಿನ್ನ ಫೋನಲ್ಲಿ ನಾನಿದೀನಲ್ಲ, ಅದಕ್ಕೇ ಗುರುತು ಹಿಡೀತು. ನನ್ನ ಹೆಸರು ಮುಟ್ಟಿದ್ರೆ ಸಾಕು, ಹೋಗುತ್ತೆ. ಗೊತ್ತಿಲ್ಲದವರ ನಂಬರಾದ್ರೆ ಮಾತ್ರ ಕಡೇವರೆಗೂ ಒತ್ಬೇಕು."

ಅವಳು ಫೋನನ್ನು ಮಣೆಯ ಮೇಲಿಟ್ಟು ಚೂರಿ ಎತ್ತಿಕೊಂಡಳು. ಎದುರಿಗೆ ಗಿರಾಕಿ ಕಾಯುತ್ತಿದ್ದ. ಮನೆಗೆ ನೆಂಟರು ಬರುತ್ತಾರೆ, ಹೊಟ್ಟೆ ಮಾತ್ರ ಸೀಳಿ ಮೀನನ್ನು ಇಡಿಯಾಗಿ ಕೊಡು ಎಂದು ಎರಡೆರಡು ಸಲ ಹೇಳಿದ್ದ. ಅವಳು ಅದನ್ನು ತಲೆಯಿಂದ ಬಾಲದವರೆಗೆ ತುಂಡು ತುಂಡು ಮಾಡಿ ಮುಗಿಸಿದಳು. ಗಿರಾಕಿ ಕೂಗಾಡಿದ. ಅವನ ಮಾತು ಅವಳ ಕಿವಿಗೆ ಬೀಳುತ್ತಲೇ ಇರಲಿಲ್ಲ. ಐಸಕ್ಕ ತನ್ನ ಕಡೆಯಿಂದ ಬೇರೆ ಮೀನು ಕೊಡಿಸಿ ಅವನನ್ನು ಸಾಗಹಾಕಿ, ಏನಾಯ್ತೇ ನಿನಗೆ ಎಂದು ಭುಜ ಹಿಡಿದು ಅಲುಗಿಸಿದಳು.

"ಅಕ್ಕ, ಅವತ್ತು ಪೊಲೀಸ್ ಸ್ಟೇಷನ್ನಲ್ಲಿ ಮೀಸೆಯಣ್ಣ ನಾನು ನಂಬರು ಹೇಳಿ ಮುಗಿಸೋ ಮುಂಚೆನೇ ಫೋನ್ ಕಿವಿಗಿಟ್ಕೊಂಡ್ರು," ಎಂದಳು.

ಐಸಕ್ಕನಿಗೆ ಅರ್ಥವಾಗಲು ಸ್ವಲ್ಪ ಹೊತ್ತು ಹಿಡಿಯಿತು. ಅರ್ಥವಾದ ಮೇಲೆ ಅವಳು ಐಸಿನ ಪೆಟ್ಟಿಗೆಯ ಮೇಲೇ ಕೂತಳು.

ಮೀನು ಕೊಯ್ಯುವವಳಿಗಿದ್ದದ್ದು ಒಬ್ಬಳೇ ಮಗಳು, ಚೂಟಿ. ಗಂಡ ಹೋದ ಮೇಲೆ ಲೋಕವೆಂದರೆ ಅವಳೇ. ಚೂಟಿ ಎಂದರೆ ಮಾರ್ಕೆಟ್ಟಿಗೆಲ್ಲ ಗೊತ್ತು. ಹದಿನೇಳರ ಹುಡುಗಿ, ಗಿರಾಕಿಗಳು ಚೌಕಾಸಿ ಮಾಡುವುದನ್ನು ಹಾಗೆಹಾಗೇ ಆಡಿ ತೋರಿಸಿ ನಗಿಸುತ್ತಿದ್ದಳು. ಐಸಕ್ಕನ ನಡಿಗೆಯನ್ನು ಐಸಕ್ಕನ ಎದುರಿಗೇ ನಡೆದು ಬೈಸಿಕೊಳ್ಳುತ್ತಿದ್ದಳು. ಒಳ್ಳೆ ಮಾತಿನ ಹೆಂಗಸೊಬ್ಬಳು ಕೆಲವು ವಾರ ದಿನಾ ಮೀನಿಗೆ ಬಂದಳು. ದೊಡ್ಡ ಊರಿನ ಆಸ್ಪತ್ರೆಯಲ್ಲಿ ರೋಗಿಗಳನ್ನು ನೋಡಿಕೊಳ್ಳುವ ಕೆಲಸವಿದೆ, ಊಟ ವಸತಿ ಅವರದೇ, ಮಗಳನ್ನೂ ಈ ನಾತದಲ್ಲೇ ಕೂರಿಸುತ್ತೀಯಾ ಎಂದಳು. ಆ ಮಾತು ತಾಯಿಗೆ ನಾಟಿತು. ತಾನೇ ಬಟ್ಟೆ ಮಡಿಸಿ, ತಾನೇ ಬಸ್ಸು ಹತ್ತಿಸಿ ಬಂದಳು. ಆಮೇಲೆ ಹೆಂಗಸೂ ಇಲ್ಲ, ಮಗಳೂ ಇಲ್ಲ.

ಸ್ಟೇಷನ್ನಿನ ಬೆಂಚು ಅವಳಿಗೆ ಮೀನಿನ ಕಟ್ಟೆಯಷ್ಟೇ ಪರಿಚಯವಾಯಿತು. ಇನ್ಸ್‌ಪೆಕ್ಟರು ಮುಖ ಎತ್ತದೆಯೇ ಹೇಳುತ್ತಿದ್ದ: ವಯಸ್ಸಿನ ಹುಡುಗಿ, ಯಾರ ಜೊತೆಗೋ ಹೋಗಿರುತ್ತಾಳೆ, ಹೊಟ್ಟೆ ಹಸಿದಾಗ ಬರುತ್ತಾಳೆ. ಅವಳು ಕೂತರೆ ಅಲ್ಲಿದ್ದವರು ಮೂಗು ಮುಚ್ಚಿಕೊಂಡು ಕಿಟಕಿ ತೆಗೆಯುತ್ತಿದ್ದರು. ಮೂಗು ಮುಚ್ಚಿಕೊಳ್ಳದವನು ಒಬ್ಬನೇ, ಹೆಡ್ ಕಾನ್‌ಸ್ಟೆಬಲ್. ಪೊದೆಮೀಸೆಯ, ಮೆತ್ತಗಿನ ದನಿಯ ಮನುಷ್ಯ. ಕೂತ್ಕೋ ತಂಗಿ, ನೀರು ಕುಡಿ ತಂಗಿ ಎನ್ನುತ್ತಿದ್ದ. ಆ ಕಟ್ಟಡದಲ್ಲಿ ಅವಳನ್ನು ತಂಗಿ ಎಂದವನು ಅವನೊಬ್ಬನೇ. ಮುಳುಗುವವರಿಗೆ ಹುಲ್ಲುಕಡ್ಡಿಯೂ ಆಸರೆ. ಅವಳು ಅವನನ್ನು ಮೀಸೆಯಣ್ಣ ಎಂದಳು, ಮನಸಾರೆ ಎಂದಳು.

ಆಮೇಲೆ ಒಂದು ದಿನ ಐಸಕ್ಕನ ಫೋನಿಗೆ ಚೂಟಿಯ ಕರೆ ಬಂತು. ಐಸಕ್ಕ ಓಡಿ ಬಂದು ಇವಳ ಕಿವಿಗೆ ಹಿಡಿದಳು. "ಅಮ್ಮಾ, ಬಂದು ಕರ್ಕೊಂಡು ಹೋಗು. ಇದು ಆಸ್ಪತ್ರೆ ಅಲ್ಲ. ಇದು ಇಲ್ಲಿರೋನ ಫೋನು, ಸ್ನಾನಕ್ಕೆ ಹೋಗಿದಾನೆ. ಕಿಟಕಿಯಿಂದ ಟೈರಿನ ಅಂಗಡಿ ಕಾಣ್ಸುತ್ತೆ, ಇಲ್ಲಿನ ಮಾರ್ಕೆಟ್ ಹಿಂದುಗಡೆ. ಬೇಗ ಬಾ ಅಮ್ಮ." ಅಷ್ಟೇ. ಊರಿನ ಹೆಸರು ಹೇಳಿದ್ದು ಅರ್ಧ ಕೇಳಿಸಿತು, ಅರ್ಧ ಇಲ್ಲ. ಐಸಕ್ಕ ನಂಬರನ್ನು ಓದಿ ಹೇಳಿದಳು. ಇವಳು ಅದನ್ನು ದಾರಿಯುದ್ದಕ್ಕೂ ಜಪ ಮಾಡುತ್ತಾ, ರಬ್ಬರಿನ ಏಪ್ರನ್ ಕೂಡ ಬಿಚ್ಚದೆ ಸ್ಟೇಷನ್ನಿಗೆ ಓಡಿದಳು.

ಅವತ್ತು ಇನ್ಸ್‌ಪೆಕ್ಟರ್ ಇರಲಿಲ್ಲ. ಮೀಸೆಯಣ್ಣ ಇದ್ದ. ಹೇಳು ತಂಗಿ, ರಿಂಗ್ ಆಗುತ್ತಾ ನೋಡೋಣ ಎಂದು ತನ್ನ ಫೋನೇ ತೆಗೆದ. ಅವಳು ಹೇಳುತ್ತಿದ್ದಳು, ಅವನು ಒತ್ತುತ್ತಿದ್ದ. ಅವಳ ಬಾಯಲ್ಲಿ ಇನ್ನೂ ಅರ್ಧ ನಂಬರು ಇರುವಾಗಲೇ ಅವನು ಫೋನನ್ನು ಕಿವಿಗಿಟ್ಟುಕೊಂಡು, ಸಿಗ್ನಲ್ ಸಿಗ್ತಿಲ್ಲ ಎಂದು ವರಾಂಡಕ್ಕೆ ಹೋದ. ಉಳಿದ ಅರ್ಧವನ್ನು ಅವಳು ಅವನ ಬೆನ್ನಿಗೆ ಹೇಳಿ ಮುಗಿಸಿದಳು. ಪಾಪದವಳು, ಅಷ್ಟು ಕೇಳಿದ್ದಕ್ಕೇ ಪೂರ್ತಿ ಹಿಡಿದುಬಿಟ್ಟರಲ್ಲ, ಪೊಲೀಸರ ಬುದ್ಧಿಯೆಂದರೆ ಬುದ್ಧಿ ಎಂದುಕೊಂಡಳು. ಅವನು ಒಳಗೆ ಬಂದು, ಸ್ವಿಚ್ ಆಫ್ ಬರ್ತಿದೆ ತಂಗಿ, ಆದ್ರೂ ಜಾಗ ಪತ್ತೆ ಮಾಡಿಸ್ತೀನಿ ಎಂದ. ಅವಳು ಅವನ ಕಾಲಿಗೆ ಬಿದ್ದಳು.

ಪತ್ತೆಯೂ ಆಯಿತು. ಮಾರನೇ ದಿನ ಜೀಪಿನಲ್ಲಿ ಅವಳನ್ನೂ ಕೂರಿಸಿಕೊಂಡು ಹೋದರು. ಆ ಊರಿನ ಮಾರ್ಕೆಟ್ಟಿನ ಹಿಂದೆ ಟೈರಿನ ಅಂಗಡಿ ಇತ್ತು. ಎದುರಿನ ಮಹಡಿಯ ಕೋಣೆ ಬಾಗಿಲು ಹಾರುಹೊಡೆದುಕೊಂಡಿತ್ತು. ನಿನ್ನೆ ಸಂಜೆಯೇ ವ್ಯಾನು ಬಂದು ಹುಡುಗಿಯರನ್ನೆಲ್ಲ ತುಂಬಿಕೊಂಡು ಹೋಯಿತು ಎಂದ ಟೈರ್ ಅಂಗಡಿಯವನು. ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ. ನೆಲದ ಮೇಲೆ ಅರ್ಧ ಉಂಡ ತಟ್ಟೆಗಳು ಹಾಗೇ ಇದ್ದವು, ಅನ್ನ ಹಳಸಿತ್ತು. ಇವುಗಳಲ್ಲಿ ಚೂಟಿಯದು ಯಾವುದು ಎಂದು ಅವಳು ಒಂದೊಂದೇ ತಟ್ಟೆ ನೋಡುತ್ತಾ ಕೂತಳು. ಮೀಸೆಯಣ್ಣ ಬಂದು ಅವಳನ್ನು ಎಬ್ಬಿಸಿದ. ಅವನ ಕಣ್ಣಲ್ಲೂ ನೀರಿತ್ತು, ಅದು ಸುಳ್ಳಲ್ಲ.

ಅದಾಗಿ ಎರಡು ವರ್ಷ. ಎರಡು ವರ್ಷವೂ ಅವನು ಭಾನುವಾರ ಭಾನುವಾರ ಮೀನಿಗೆ ಬರುತ್ತಿದ್ದ. ಅವನ ಪುಟ್ಟ ಮಗಳಿಗೆ ಮುಳ್ಳೆಂದರೆ ಭಯ. ಇವಳು ಎಲ್ಲಕ್ಕಿಂತ ಒಳ್ಳೆ ಮೀನು ಎತ್ತಿಟ್ಟು, ಬೆರಳ ತುದಿಯಲ್ಲಿ ತಡವಿ ತಡವಿ ಒಂದು ಮುಳ್ಳೂ ಉಳಿಯದಂತೆ ತೆಗೆದು ಕೊಡುತ್ತಿದ್ದಳು. ಆ ಮಗುವಾದರೂ ಸುಖವಾಗಿರಲಿ ಎಂದು ಹರಸುತ್ತಲೂ ಇದ್ದಳು.

"ಬೇಲಿನೇ ಎದ್ದು ಹೊಲ ಮೇಯ್ದಿದೆಯಲ್ಲೇ," ಎಂದಳು ಐಸಕ್ಕ, ಪೆಟ್ಟಿಗೆಯ ಮೇಲಿಂದ ಎದ್ದು. ಅವನ ಹತ್ತಿರ ಪಿಟ್ಟೆನ್ನಬೇಡ, ಸೋಮವಾರ ಮೇಲಿನ ಆಫೀಸಿಗೆ ಹೋಗೋಣ, ಅಲ್ಲಿ ಒಬ್ಬರು ಮೇಡಂ ಇದ್ದಾರಂತೆ, ಪೊಲೀಸರ ಮೇಲಿನ ದೂರನ್ನೇ ನೋಡುವವರು ಎಂದು ಆಣೆ ಹಾಕಿಸಿಕೊಂಡಳು. ಇವಳು ಆಣೆ ಹಾಕಿದಳು.

ಆದರೆ ಸೋಮವಾರಕ್ಕೆ ಮುಂಚೆ ಭಾನುವಾರ ಬರುತ್ತದೆ. ಮೀಸೆಯಣ್ಣ ಎಂದಿನಂತೆ ಚೀಲ ಹಿಡಿದು ಬಂದ, ಏನ್ ತಂಗಿ ಚೆನ್ನಾಗಿದೀಯಾ ಎಂದ. ಐಸಕ್ಕ ಲಾರಿಯಿಂದ ಐಸ್ ಇಳಿಸಿಕೊಳ್ಳಲು ಹಿಂದಿನ ಗೇಟಿಗೆ ಹೋಗಿದ್ದಳು. ಇವಳು ತಲೆ ತಗ್ಗಿಸಿ ಮುಳ್ಳು ತೆಗೆಯುತ್ತಿದ್ದಳು. ಅಣ್ಣ ಎಂದು ಕರೆದವನ ಮೇಲೆ ಅವನನ್ನು ಒಂದು ಮಾತೂ ಕೇಳದೆ ಹೋಗಿ ದೂರು ಕೊಡುವುದು ಹೇಗೆ? ಅದು ಅವಳಿಗೆ ಬೆನ್ನಿಗೆ ಚೂರಿ ಹಾಕಿದ ಹಾಗೆ ಕಂಡಿತು. ಅದಕ್ಕಿಂತ ದೊಡ್ಡ ಆಸೆಯೂ ಒಳಗಿತ್ತು. ಅವನ ಹತ್ತಿರ ಒಂದು ಸರಿಯಾದ ಉತ್ತರ ಇರಲಿ ಎಂಬ ಆಸೆ. ಈ ಅನುಮಾನ ಸುಳ್ಳಾದರೆ ಲೋಕದಲ್ಲಿ ಒಬ್ಬನಾದರೂ ಒಳ್ಳೆಯವನು ಉಳಿಯುತ್ತಿದ್ದ.

"ಅಣ್ಣ, ಅವತ್ತು ನಾನು ಹೇಳಿದ ನಂಬರು ನಿಮ್ಮ ಫೋನಲ್ಲಿ ಮೊದಲೇ ಇತ್ತಾ?" ಎಂದು ಕೇಳಿದಳು. ಸಿಟ್ಟಿಲ್ಲದೆ, ಮೀನಿನ ಬೆಲೆ ಹೇಳುವ ದನಿಯಲ್ಲೇ ಕೇಳಿದಳು.

ಅವನು ನಕ್ಕ. ಯಾವ ನಂಬರು ತಂಗಿ, ಯಾವ ಕಾಲದ ಮಾತು ಅದು ಎಂದ. ಅವಳು ಆ ನಂಬರನ್ನು ಒಂದೇ ಉಸಿರಿಗೆ ಹೇಳಿದಳು. ಅವನ ಕೈ ತಾನಾಗಿ ಫೋನಿದ್ದ ಜೇಬಿನ ಮೇಲೆ ಹೋಯಿತು. ನಿನಗೆ ನಿದ್ದೆ ಸಾಲದೆ ಏನೇನೋ ತೋಚ್ತಿದೆ, ಡಾಕ್ಟರಿಗೆ ತೋರಿಸ್ಕೋ ಎಂದು ಹೇಳಿ ಹೊರಟ. ಮುಳ್ಳು ತೆಗೆದ ಮೀನು ಮಣೆಯ ಮೇಲೇ ಉಳಿಯಿತು. ಮರೆತುಹೋದರೇನೋ ಎಂದು ಅವಳು ಅದನ್ನು ಐಸಿನಲ್ಲಿ ಇಟ್ಟು ಸಂಜೆಯವರೆಗೂ ಕಾದಳು. ಅಂಥ ಹುಚ್ಚಿಯನ್ನು ಏನನ್ನಬೇಕು?

ಸೋಮವಾರ ಮೇಡಂ ಎಲ್ಲವನ್ನೂ ಕೇಳಿದರು. ನೆಗಡಿಯಾಗಿ ಮೂಗು ಕೆಂಪಗಾಗಿತ್ತು, ಒರೆಸಿಕೊಳ್ಳುತ್ತಲೇ ಕೇಳಿದರು. ಒಳ್ಳೆಯ ಹೆಂಗಸು. ನಂಬರು ಅರ್ಧಕ್ಕೆ ನಿಂತ ವಿಷಯ ಬಂದಾಗ ಪೆನ್ನು ಕೆಳಗಿಟ್ಟು, ಇದನ್ನು ಅವನಿಗೆ ಹೇಳಿಲ್ಲ ತಾನೇ ಎಂದರು. ಇವಳು ಹೇಳಿದೆ ಎಂದಳು. ಐಸಕ್ಕ ಹಣೆ ಹಣೆ ಬಡಿದುಕೊಂಡಳು.

"ಅಯ್ಯೋ, ನನ್ನ ಹತ್ರ ಮೊದಲು ಬರಬಾರದಿತ್ತೇನಮ್ಮಾ?" ಎಂದರು ಮೇಡಂ. ಬೈಯಲಿಲ್ಲ. ಬೈದಿದ್ದರೇ ಚೆನ್ನಾಗಿತ್ತು.

ಬುಧವಾರ ಮೀಸೆಯಣ್ಣನ ಫೋನು ತರಿಸಲು ಹೋದರೆ, ಅದು ಭಾನುವಾರವೇ ಬಸ್ಸಿನಲ್ಲಿ ಕಳೆದುಹೋಗಿತ್ತು. ಕಳೆದುಹೋಯಿತೆಂದು ಅವನು ತನ್ನದೇ ಸ್ಟೇಷನ್ನಿನಲ್ಲಿ ದೂರನ್ನೂ ಕೊಟ್ಟಿದ್ದ. ಅವಳ ದೂರಿಗೆ ತಿಂಗಳುಗಟ್ಟಲೆ ಅಲೆಸಿದ ಸ್ಟೇಷನ್ನು ಅವನ ದೂರನ್ನು ಕೂತಲ್ಲೇ ತೆಗೆದುಕೊಂಡಿತ್ತು. ಫೋನ್ ಕಂಪನಿಯವರು ಅಷ್ಟು ಹಳೆಯ ಲೆಕ್ಕ ನಮ್ಮಲ್ಲಿ ಉಳಿದಿಲ್ಲ ಎಂದರು. ಮಹಡಿಯ ಕೋಣೆಯ ಯಜಮಾನ ಯಾರೆಂದು ಆಗಲೇ ಯಾರೂ ಕೇಳಿರಲಿಲ್ಲ, ಈಗ ಕೇಳಲು ಹೋದರೆ ಆ ಕಟ್ಟಡವೇ ಇರಲಿಲ್ಲ. ಹೊಳೆಯಲ್ಲಿ ಹುಣಸೆಹಣ್ಣು ತೊಳೆದ ಹಾಗಾಯಿತು. ಆದರೂ ಮೇಡಂ ಕೈಬಿಡದೆ ಅವಳನ್ನೂ ಮೀಸೆಯಣ್ಣನನ್ನೂ ವಿಚಾರಣೆಗೆ ಕರೆಸಿದರು.

ಆ ದಿನ ಅವಳು ಎರಡು ಸಲ ಸೋಪು ಹಾಕಿ ಮೈ ತಿಕ್ಕಿಕೊಂಡು, ಇದ್ದುದರಲ್ಲಿ ಒಳ್ಳೆಯ ಬಟ್ಟೆ ಉಟ್ಟು ಹೋದಳು. ಐಸಕ್ಕನನ್ನು ಒಳಗೆ ಬಿಡಲಿಲ್ಲ. ಸಾಕ್ಷಿಯಲ್ಲದವರಿಗೆ ಅಲ್ಲಿ ಜಾಗವಿಲ್ಲವಂತೆ. ಕಾದು ಕಾದು, ಲಾರಿ ಬರುವ ಹೊತ್ತಾಯಿತೆಂದು ಐಸಕ್ಕ ಒಲ್ಲದ ಮನಸ್ಸಿನಿಂದ ಹೊರಟಳು. ಒಳಗೆ ಉದ್ದ ಮೇಜಿನ ಒಂದು ಕಡೆ ಅವನು ಕೂತಿದ್ದ. ಇಸ್ತ್ರಿ ಮಾಡಿದ ಸಮವಸ್ತ್ರ, ಮಡಿಲಲ್ಲಿ ಟೋಪಿ. ಅವಳನ್ನು ನೋಡಿ ಎಂದಿನಂತೆ ತಲೆ ಆಡಿಸಿದ. ಅವಳ ಕೈ ಅಭ್ಯಾಸಬಲದಿಂದ ಮುಗಿಯಲು ಹೋಗಿ ಅರ್ಧಕ್ಕೇ ನಿಂತಿತು.

ಮೇಡಂ ಕೇಳಿದಂತೆ ಅವಳು ನಂಬರು ಹೇಳುತ್ತಾ ಹೋಗಿ, ಅವನು ಫೋನು ಕಿವಿಗಿಟ್ಟ ಕಡೆ ನಿಲ್ಲಿಸಿದಳು. ಇಷ್ಟಕ್ಕೇ ಎಂದಳು. ಅವನು ತಾಳ್ಮೆಯಿಂದ ಎಲ್ಲ ಕೇಳಿಸಿಕೊಂಡು, ಮೇಡಂ, ನಾನು ಪೂರ್ತಿ ಒತ್ತಿದ್ದೆ, ಮಗಳನ್ನು ಕಳೆದುಕೊಂಡ ಸಂಕಟದಲ್ಲಿ ಇವರಿಗೆ ಹೆಚ್ಚುಕಡಿಮೆ ನೆನಪಿರುತ್ತೆ, ನನಗೆ ಇವರ ಮೇಲೆ ಬೇಜಾರಿಲ್ಲ ಎಂದ. ನನಗೂ ಹೆಣ್ಣುಮಗು ಇದೆ ಎಂದೂ ಸೇರಿಸಿದ. ಮೇಡಂ ಅದನ್ನು ಬರೆದುಕೊಂಡರು. ಬರೆದುಕೊಳ್ಳುವಾಗಿನ ಅವರ ಮುಖ ನೋಡಿದರೇ ಗೊತ್ತಾಗುತ್ತಿತ್ತು, ಇದು ಇಲ್ಲಿಗೆ ಮುಗಿಯಿತು ಎಂದು. ಇನ್ನೇನಾದರೂ ಹೇಳುವುದಿದೆಯಾ ಎಂದು ಇವಳನ್ನು ಕೇಳಿದರು.

ಅವಳು ಎದ್ದು ನಿಂತಳು. ಮೇಡಂ ಕಡೆ ತಿರುಗಲಿಲ್ಲ, ಅವನ ಕಡೆಯೇ ತಿರುಗಿದಳು.

"ಅಣ್ಣ, ನಿಮಗೆ ಏನೂ ಆಗೋದು ಬೇಡ. ನಾನೇ ತಪ್ಪು ಹೇಳಿದೆ ಅಂತ ಹೆಬ್ಬೆಟ್ಟು ಒತ್ತಿ ಕೊಡ್ತೀನಿ. ನಿಮ್ಮ ಕೆಲಸ ಇರಲಿ, ಮರ್ಯಾದೆ ಇರಲಿ, ಮಗು ಚೆನ್ನಾಗಿರಲಿ. ಅವಳನ್ನ ಎಲ್ಲಿಗೆ ಕರ್ಕೊಂಡು ಹೋದ್ರು ಅನ್ನೋದೊಂದು ಹೇಳಿ. ಊರಿನ ಹೆಸರು ಹೇಳಿ ಸಾಕು. ನಾನೇ ಹೋಗಿ ಹುಡುಕ್ಕೋತೀನಿ."

ಮೇಡಂ ಒರೆಸಿಕೊಳ್ಳುತ್ತಿದ್ದ ಕರವಸ್ತ್ರವನ್ನು ಮೂಗಿನ ಹತ್ತಿರವೇ ಹಿಡಿದು ನಿಲ್ಲಿಸಿದರು. ಅವನು ಟೋಪಿಯ ಅಂಚನ್ನು ಒಂದು ಸುತ್ತು ತಿರುಗಿಸಿದ. ಬಾಯಿ ತೆರೆದ. ಹೇಳಿಯೇಬಿಡುತ್ತಾನೆ ಎಂದು ಅವಳು ಒಂದು ಹೆಜ್ಜೆ ಮುಂದೆ ಬಂದಳು. ನನಗೇನೂ ಗೊತ್ತಿಲ್ಲ ಮೇಡಂ ಎಂದು ಅವನು ಮೇಡಂಗೆ ಹೇಳಿದ, ಅವಳಿಗಲ್ಲ.

ಹೊರಗೆ ಬಂದಾಗ ವರಾಂಡದಲ್ಲಿ ಅವನ ಸ್ಟೇಷನ್ನಿನವರು ಮೂರ್ನಾಲ್ಕು ಜನ ಕಾಯುತ್ತಿದ್ದರು. ಒಬ್ಬ ಅವನ ಬೆನ್ನು ತಟ್ಟಿದ. ಬೇರೆ ಊರಿಗೆ ವರ್ಗವಾಗಬಹುದು, ಅಷ್ಟೇ, ಅದೂ ಒಳ್ಳೆಯದೇ ಎಂದ ಇನ್ನೊಬ್ಬ. ಅವಳು ಮೆಟ್ಟಿಲ ಮೇಲೆ ಕೂತಿದ್ದಳು. ಅವನು ತನ್ನ ಬೈಕನ್ನು ಹೊರಗೆ ತಂದು, ಎಲ್ಲರೂ ನೋಡುತ್ತಿರುವಾಗ ಅವಳ ಮುಂದೆ ನಿಲ್ಲಿಸಿ, ಬಿಸಿಲಲ್ಲಿ ಎಷ್ಟು ದೂರ ನಡೀತೀಯ, ಬಸ್‌ಸ್ಟಾಪ್‌ವರೆಗೆ ಬಿಡ್ತೀನಿ ಬಾ ಎಂದ. ದೊಡ್ಡ ಮನಸ್ಸಪ್ಪ ನಿಂದು ಎಂದರು ವರಾಂಡದವರು.

ಮುಖಕ್ಕೆ ಉಗಿಯಬಹುದಿತ್ತು. ಉಗಿದಿದ್ದರೆ ತಪ್ಪೇನಿತ್ತು? ಆದರೆ ಅವಳು ಅವನನ್ನೇ ನೋಡುತ್ತಾ ಕೂತಳು. ಇವನಿಗೆ ವರ್ಗವಾದರೆ ಇವನೂ ಹೋಗುತ್ತಾನೆ. ಚೂಟಿ ಎಲ್ಲಿ ಹೋದಳು ಎಂದು ಬಲ್ಲವನು ಇಡೀ ಭೂಮಿಯ ಮೇಲೆ ಅವಳಿಗೆ ಗೊತ್ತಿದ್ದದ್ದು ಇವನೊಬ್ಬನೇ. ಅವಳು ಎದ್ದು ಹೋಗಿ ಅವನ ಬೈಕಿನ ಹಿಂದೆ ಕೂತಳು.

ಬೈಕು ಹೊರಟಿತು. ಅವನ ಸಮವಸ್ತ್ರದಿಂದ ಸೋಪಿನ ವಾಸನೆ ಬರುತ್ತಿತ್ತು. ಬಸ್‌ಸ್ಟಾಪಿನಲ್ಲಿ ಜನ ನಿಂತಿದ್ದರು. ಅವನು ಬೈಕ್ ನಿಲ್ಲಿಸಿ, ಇಳಿ ಎಂದ. ಅವಳು ಇಳಿಯಲಿಲ್ಲ. ಬಸ್ಸು ಬಂತು, ಜನ ಹತ್ತಿದರು, ಕಂಡಕ್ಟರು ಇವರ ಕಡೆ ನೋಡಿ ಬರ್ತೀರಾ ಎಂದು ಕೇಳಿ, ಸೀಟಿ ಊದಿದ. ಬಸ್ಸು ಹೋಯಿತು.

"ಇಳಿಯಮ್ಮ," ಎಂದ ಅವನು. ತಂಗಿ ಎನ್ನಲಿಲ್ಲ.

"ಊರು ಬೇಡ," ಎಂದಳು ಅವಳು ಅವನ ಬೆನ್ನಿಗೆ. "ಇದಾಳೋ ಇಲ್ವೋ, ಅಷ್ಟು ಹೇಳಿ."

ಅವನು ಎಂಜಿನ್ ಆಫ್ ಮಾಡಿದ. ಅವಳು ಸೀಟಿನ ಹಿಂದಿನ ಕಂಬಿಯನ್ನು ಎರಡೂ ಕೈಯಿಂದ ಹಿಡಿದುಕೊಂಡು ಕೂತಿದ್ದಳು. ಪಕ್ಕದಲ್ಲಿ ಗಾಡಿಗಳು ಹಾರನ್ ಹೊಡೆಯುತ್ತಾ ಸುತ್ತುಹಾಕಿ ಹೋಗುತ್ತಿದ್ದವು. ಅವನು ಎರಡೂ ಕಾಲನ್ನು ನೆಲಕ್ಕೆ ಊರಿ, ಇಬ್ಬರ ಭಾರದ ಬೈಕು ಬೀಳದಂತೆ ಹಿಡಿದುಕೊಂಡು, ಮುಂದಿನ ರಸ್ತೆಯನ್ನೇ ನೋಡುತ್ತಾ ನಿಂತ.